ಅಮ್ಮನ ಮುಖ ನೋಡಲು ದೋಹಾಕ್ಕೆ

ಹೊರಡುವಾಗ

ನಮ್ಮ ಕಡೆಯ ಹೆಂಗಸರು ಗಲ್ಫಿಗೆ ಹೋದರೆ ಒಂದೋ ಕೆಲಸಕ್ಕೆ, ಇಲ್ಲವೇ ಮಗಳ ಬಾಣಂತನಕ್ಕೆ. ಮಂಗಳೂರು ವಿಮಾನ ನಿಲ್ದಾಣದ ಚೆಕ್-ಇನ್ ಸಾಲಿನಲ್ಲಿ ನನ್ನ ಮುಂದಿದ್ದ ಹೆಂಗಸು ತಿರುಗಿ ನೋಡಿ ಕೇಳಿದರು.

"ಮಗಳ ಡೆಲಿವರಿಯಾ?"

"ಅಲ್ಲ, ಅಮ್ಮನನ್ನು ನೋಡ್ಲಿಕ್ಕೆ."

"ಹೌದಾ? ಅಮ್ಮ ಅಲ್ಲೇ ಇರುದಾ? ತುಂಬ ಪ್ರಾಯ ಆಗಿರ್ಬೇಕಲ್ಲ ಅವರಿಗೆ."

"ಇಪ್ಪತ್ತಮೂರು."

ಅವರು ನನ್ನ ನರೆತ ತಲೆಯನ್ನು ಒಮ್ಮೆ ನೋಡಿ ತಮ್ಮ ಟ್ರಾಲಿಯನ್ನು ಸ್ವಲ್ಪ ಆಚೆ ಸರಿಸಿಕೊಂಡರು. ಆಮೇಲೆ ವಿಮಾನ ಹತ್ತುವವರೆಗೂ ನನ್ನ ಕಡೆ ತಿರುಗಲಿಲ್ಲ.

ನಾನು ಸುಳ್ಳು ಹೇಳಿರಲಿಲ್ಲ. ನನ್ನ ಅಮ್ಮ ಗಿರಿಜಾ ತೀರಿಕೊಂಡಾಗ ಅವಳಿಗೆ ಇಪ್ಪತ್ತಮೂರು ವರ್ಷ. ನನಗೆ ಇನ್ನೂ ವರ್ಷ ತುಂಬಿರಲಿಲ್ಲ. ಅವಳದ್ದು ಒಂದು ಫೋಟೋ ಕೂಡ ಇಲ್ಲ. ಅಪ್ಪ ಬೊಂಬಾಯಿಗೆ ಹೋದವರು ಅಲ್ಲೇ ಇನ್ನೊಂದು ಸಂಸಾರ ಮಾಡಿಕೊಂಡರು. ನನ್ನನ್ನು ಸಾಕಿದ್ದು ಅಮ್ಮನ ಅಕ್ಕ, ನನ್ನ ದೊಡ್ಡಮ್ಮ.

ಉಡುಪಿಯ ಕಡೆ, ಕಡಲಿಗೆ ಬೆನ್ನು ಕೊಟ್ಟು ಮನೆ ಕಟ್ಟಿಕೊಂಡ ಮೊಗವೀರರ ಊರು ನಮ್ಮದು. ಯಂತ್ರದ ಬೋಟುಗಳು ಇನ್ನೂ ಎಲ್ಲವನ್ನೂ ನುಂಗಿರದ ಕಾಲದಲ್ಲಿ ಅಲ್ಲಿ ರಂಪಣಿ ಇತ್ತು. ದೋಣಿಯಲ್ಲಿ ಉದ್ದದ ಬಲೆಯನ್ನು ಒಯ್ದು ಕಡಲನ್ನು ಬಳಸಿ ಬಿಟ್ಟು, ಅದರ ಎರಡು ತುದಿಗಳನ್ನು ದಡದಲ್ಲಿ ನಿಂತು ಊರಿಗೆ ಊರೇ ಎಳೆಯುವ ಮೀನುಗಾರಿಕೆ ಅದು. ನಾನು ಹುಟ್ಟಿದ ವರ್ಷ ಅದನ್ನು ಸಿನಿಮಾ ಮಾಡಲು ಒಬ್ಬ ಬಿಳಿಯ ಬಂದಿದ್ದನಂತೆ. ಅವನು ಹೋದ ಸ್ವಲ್ಪ ದಿನಕ್ಕೆ ಅಮ್ಮ ಜ್ವರ ಬಂದು ಹೋದಳು. ಊರು ಈ ಎರಡನ್ನೂ ಸೇರಿಸಿ ಒಂದು ಕತೆ ಹೊಲಿದಿಟ್ಟಿತು. ದೊಡ್ಡಮ್ಮ ಸಿಟ್ಟು ಬಂದಾಗಲೂ ದುಃಖ ಬಂದಾಗಲೂ ಹೇಳುತ್ತಿದ್ದದ್ದು ಆ ಕತೆಯನ್ನೇ.

"ಊರಿನ ಹೆಂಗಸ್ರೆಲ್ಲ ಮುಖ ತಿರುಗಿಸಿ ನಿಂತ್ರು. ಇವಳೊಬ್ಬಳು ಆ ಮಿಷನಿನ ಎದುರು ಹೋದದ್ದು. ಪಟದ ಆಸೆ. ಆ ಪಟವೇ ಅವಳನ್ನು ಎಳ್ಕೊಂಡು ಹೋಯ್ತು."

ಹಾಗಾಗಿ ನನ್ನನ್ನು ಯಾವ ಕ್ಯಾಮೆರಾದ ಎದುರೂ ನಿಲ್ಲಲು ದೊಡ್ಡಮ್ಮ ಬಿಡುತ್ತಿರಲಿಲ್ಲ. ಶಾಲೆಯಲ್ಲಿ ಗ್ರೂಪ್ ಫೋಟೋ ತೆಗೆಯುವ ದಿನ ನನಗೆ ತಪ್ಪದೆ ಜ್ವರ ಬರುತ್ತಿತ್ತು, ದೊಡ್ಡಮ್ಮನೇ ಬರಿಸುತ್ತಿದ್ದಳು. ಈಗ ನಾನು ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತೇನೆ. ಮಸೂರ, ಬಿಂಬ, ನಾಭಿ ಎಂದು ಬೋರ್ಡಿನ ಮೇಲೆ ಚಿತ್ರ ಬರೆಯುತ್ತೇನೆ. ಆದರೂ ಯಾರಾದರೂ ಫೋನ್ ಎತ್ತಿದರೆ ನನ್ನ ಬಲಗೈ ತಾನಾಗಿ ಎದ್ದು ಮುಖಕ್ಕೆ ಅಡ್ಡ ನಿಲ್ಲುತ್ತದೆ. ಆಧಾರ್ ಕೇಂದ್ರದ ಹುಡುಗಿ ಮೂರು ಸಲ ಗದರಿಸಿದ್ದಳು.

ಹೀಗಿರುವಾಗ ದೊಡ್ಡಮ್ಮನ ಮಗ, ಕತಾರಿನಲ್ಲಿ ಕೆಲಸದಲ್ಲಿರುವ ನನ್ನ ತಮ್ಮ ಹರೀಶ, ಒಂದು ಪೋಸ್ಟರಿನ ಚಿತ್ರ ಕಳುಹಿಸಿದ. ದೋಹಾದಲ್ಲಿ ಯಾರೋ ಒಬ್ಬ ಫ್ರೆಂಚ್ ನಿರ್ದೇಶಕನ ಸಿನಿಮಾಗಳನ್ನು ಒಂದು ವಾರ ತೋರಿಸುತ್ತಾರಂತೆ. ಪೋಸ್ಟರಿನಲ್ಲಿ ದಡ, ದೋಣಿ, ಹಿಂದೆ ನೀರಿನಲ್ಲಿ ಒಂದು ಬಂಡೆ. ಫೋನ್ ಮಾಡಿದ.

"ಅಕ್ಕ, ಸರಿ ನೋಡು. ನಮ್ಮ ಆಮೆಬಂಡೆ ಅಲ್ವಾ ಅದು?"

ಆಮೆಬಂಡೆಯೇ. ಆಮೆಯ ಕುತ್ತಿಗೆಯ ಹತ್ತಿರದ ಬಿರುಕು ಕೂಡ ಹಾಗೇ ಇತ್ತು. ದೊಡ್ಡಮ್ಮ ಕಳೆದ ವರ್ಷ ತೀರಿಕೊಂಡಿದ್ದಳು. ಅವಳಿದ್ದಿದ್ದರೆ ಜೊತೆಗೆ ಕೂರಿಸಿಕೊಂಡು, ಇಗೋ ಇವಳೇ ಎಂದು ಬೆರಳು ಮಾಡಿ ತೋರಿಸುತ್ತಿದ್ದಳು. ಈಗ ಅಮ್ಮನ ಗುರುತು ಹೇಳುವವರು ಊರಿನಲ್ಲಿ ಯಾರೂ ಉಳಿದಿಲ್ಲ. ಆದರೂ ಹೆತ್ತವಳ ಮುಖ ನನಗೆ ಗೊತ್ತಾಗದೆ ಇರುತ್ತದೆಯೇ ಎಂದುಕೊಂಡು ರಜೆ ಹಾಕಿ ಹೊರಟುಬಿಟ್ಟೆ.

ಅಲ್ ವಕ್ರಾ

ಹರೀಶ ಮತ್ತು ಅವನ ಹೆಂಡತಿ ವನಿತಾ ಇರುವುದು ದೋಹಾದ ದಕ್ಷಿಣಕ್ಕೆ, ಅಲ್ ವಕ್ರಾ ಎಂಬ ಕಡಲ ಬದಿಯ ಊರಿನಲ್ಲಿ. ಕಡಲ ಬದಿ ಎಂದರೆ ನನಗೆ ಕಿವಿಯಲ್ಲಿ ಸದ್ದು ಬೇಕು. ಬೆಳಿಗ್ಗೆ ಎದ್ದು ದಡಕ್ಕೆ ಹೋದರೆ ಅಲ್ಲಿ ಅಲೆಯೇ ಇರಲಿಲ್ಲ. ನೀರು ಬಟ್ಟಲಲ್ಲಿಟ್ಟ ಹಾಗೆ ಸುಮ್ಮನೆ ಇತ್ತು. ಮರದ ದೋಣಿಗಳು ಕಟ್ಟಿದಲ್ಲೇ ನಿಂತಿದ್ದವು. ಒಬ್ಬ ಬಾಂಗ್ಲಾದೇಶದ ಮನುಷ್ಯ ಮಾತ್ರ ಮಂಡಿಯೂರಿ ಬಲೆ ಹೆಣೆಯುತ್ತಿದ್ದ. ಅವನ ಹೆಬ್ಬೆರಳಿಗೆ ದಾರ ಸುತ್ತಿದ್ದ ರೀತಿ ದೊಡ್ಡಪ್ಪನದ್ದೇ. ನಾನು ತುಂಬ ಹೊತ್ತು ನಿಂತು ನೋಡಿದ್ದಕ್ಕೆ ಅವನಿಗೆ ಮುಜುಗರವಾಗಿ, ಕಟ್ಟೆಯ ಮೇಲೆ ಕೂರುವಂತೆ ಕೈಸನ್ನೆ ಮಾಡಿದ.

ಮನೆಯಲ್ಲಿ ನಾವು ಮಾತಾಡುವುದು ತುಳು. ಇಲ್ಲಿ ಓದುವವರಿಗಾಗಿ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಹರೀಶನ ತುಳುವಿನಲ್ಲಿ ಈಗ ಅರಬ್ಬಿ, ಇಂಗ್ಲಿಷು ಎಲ್ಲ ಸೇರಿಕೊಂಡಿವೆ. ತಿಂಡಿಗೆ ಕೂತಾಗ ಅವನು ಮುಖ ಸಣ್ಣದು ಮಾಡಿಕೊಂಡು ಹೇಳಿದ.

"ಅಕ್ಕ, ಒಂದು ಪ್ರಾಬ್ಲೆಮ್ ಆಗಿದೆ. ನಮ್ಮೂರಿದ್ದು ಇವತ್ತಿಲ್ಲ. ರೀಲು ಇನ್ನೂ ರೆಡಿ ಇಲ್ಲವಂತೆ, ಕೊನೆ ದಿನಕ್ಕೆ ಹಾಕಿದ್ದಾರೆ. ನಾನು ಕೇಳಿದೆ, ಮಾಫಿ, ಇಲ್ಲವೇ ಇಲ್ಲ, ಏನೂ ಮಾಡ್ಲಿಕ್ಕೆ ಆಗುದಿಲ್ಲ ಅಂದ್ರು."

"ಅಷ್ಟು ದಿನ ನಾನು ಎಂತ ಮಾಡುದು?"

"ಬೇರೆ ಸಿನಿಮಾ ನೋಡು. ಪಾಸ್ ಎಲ್ಲದಕ್ಕೂ ಉಂಟು."

ಐವತ್ತು ವರ್ಷ ಕಾದವಳಿಗೆ ಒಂದು ವಾರ ದೊಡ್ಡದಾಗಬಾರದು. ಆದರೆ ದೊಡ್ಡದಾಯಿತು. ತಟ್ಟೆಯನ್ನು ಆಚೆ ಸರಿಸಿದೆ. ಅದೇ ಹೊತ್ತಿಗೆ ವನಿತಾ, ಅಕ್ಕ ಬಂದದ್ದನ್ನು ಫ್ಯಾಮಿಲಿ ಗ್ರೂಪಿಗೆ ಹಾಕಬೇಕೆಂದು ಫೋನ್ ಎತ್ತಿದಳು. ನನ್ನ ಕೈ ಎದ್ದಿತು.

"ಅಯ್ಯೋ ಅಕ್ಕ, ಪ್ರತಿ ಫೋಟೋದಲ್ಲಿ ನಿಮ್ಮ ಕೈಯೇ ಬರುದು ಮಾರಾಯ್ರೆ. ಮುಖ ಯಾವಾಗ ತೋರಿಸುದು?"

ಮೆಟ್ರೋ

ಮೊದಲ ದಿನದ ಸಿನಿಮಾಕ್ಕೆ ವನಿತಾ ರಜೆ ಹಾಕಿ ನನ್ನ ಜೊತೆ ಬಂದಳು. ಮೆಟ್ರೋದಲ್ಲಿ ನಾನು ಮುಂದೆ ಹೋಗಿ ಮೆತ್ತನೆಯ ದೊಡ್ಡ ಸೀಟಿನಲ್ಲಿ ಕೂತೆ. ಜನವೇ ಇಲ್ಲ, ಎಂಥ ಪುಣ್ಯ ಎನ್ನುವಷ್ಟರಲ್ಲಿ ಸಮವಸ್ತ್ರದ ಒಬ್ಬಳು ಬಂದು ಬಹಳ ವಿನಯದಿಂದ, ಇದು ಗೋಲ್ಡ್ ಕ್ಲಾಸು ಮೇಡಂ ಎಂದಳು. ನಮ್ಮ ಬಸ್ಸಿನ ಕಂಡಕ್ಟರು ಎಬ್ಬಿಸಿದ್ದರೆ ಎರಡು ಮಾತು ಆಡಬಹುದಿತ್ತು. ಇಷ್ಟು ವಿನಯದಿಂದ ಎಬ್ಬಿಸಿದರೆ ಏಳುವುದು ಬಿಟ್ಟು ಬೇರೆ ದಾರಿಯಿಲ್ಲ.

ಫ್ಯಾಮಿಲಿ ಬೋಗಿಯಲ್ಲಿ ಎದುರಿಗೆ ಕಪ್ಪು ಅಬಾಯಾ ನಿಲುವಂಗಿಯ ಎಳೆಯ ತಾಯಿಯೊಬ್ಬಳು ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದಳು. ದುಂಡು ಕೆನ್ನೆ, ಉದ್ದ ರೆಪ್ಪೆ. ನಾನು ಬಗ್ಗಿ, ನನಗೆ ಬರುವ ಇಂಗ್ಲಿಷಿನಲ್ಲಿ ಎಷ್ಟು ಚಂದದ ಮಗು, ಎಂಥ ಕಣ್ಣು ಎಂದೆಲ್ಲ ಹೊಗಳಿದೆ. ತಾಯಿಯ ಮುಖದ ನಗು ಹೋಯಿತು. ಅವಳು ಮಗುವನ್ನು ಎದೆಗೆ ಒತ್ತಿ ಮುಖವನ್ನು ಆಚೆ ತಿರುಗಿಸಿದಳು. ವನಿತಾ ನನ್ನ ಮೊಣಕೈ ತಿವಿದಳು.

"ಅಕ್ಕ, ಮಾಷಾ ಅಲ್ಲಾ ಹೇಳಿ. ಹೇಳದೆ ಹೊಗಳಿದ್ರೆ ಕಣ್ಣು ಬೀಳ್ತದೆ ಅಂತ ಇವರಿಗೆ ಹೆದರಿಕೆ."

ಹೇಳಿದೆ. ಆ ತಾಯಿಯ ಭುಜ ಸಡಿಲವಾಯಿತು, ಮಗು ಮತ್ತೆ ಈಚೆ ತಿರುಗಿತು. ನಮ್ಮಲ್ಲಿ ಮಗುವಿನ ಕೆನ್ನೆಗೆ ಕಾಡಿಗೆ ಬೊಟ್ಟು ಇಡುತ್ತಾರೆ, ಇಲ್ಲಿ ಒಂದು ಮಾತು ಇಡುತ್ತಾರೆ. ಹೆದರಿಕೆ ಮಾತ್ರ ಒಂದೇ ಎಂದು ವನಿತಾಳಿಗೆ ಹೇಳಿದೆ.

ಬಸ್ ಡ್ರೈವರನ ಅತ್ತೆ

ಸಿನಿಮಾ ತೋರಿಸುತ್ತಿದ್ದದ್ದು ಒಂದು ಮ್ಯೂಸಿಯಮ್ಮಿನ ಹಾಲಿನಲ್ಲಿ. ಒಳಗೆ ಎಷ್ಟು ತಣ್ಣಗಿತ್ತೆಂದರೆ ಹೊರಗಿನ ಬಿಸಿಲಿಗೆ ಹೆದರಿದವರು ಅಲ್ಲಿಗೆ ಶಾಲು ಹೊದ್ದು ಬಂದಿದ್ದರು. ನಾವು ಇಪ್ಪತ್ತು ಮೂವತ್ತು ಜನ ಇದ್ದೆವು. ನಿರ್ದೇಶಕನ ಮಗಳು ಕ್ಲೇರ್ ಎದ್ದು ಅಪ್ಪನ ಬಗ್ಗೆ ಇಂಗ್ಲಿಷಿನಲ್ಲಿ ನಾಲ್ಕು ಮಾತು ಹೇಳಿದಳು. ಹೆಚ್ಚುಕಡಿಮೆ ನನ್ನದೇ ಪ್ರಾಯ, ಕತ್ತರಿಸಿದ ಬಿಳಿ ಕೂದಲು. ಅವಳು ಅದೇ ಮ್ಯೂಸಿಯಮ್ಮಿನಲ್ಲಿ ಹಳೆಯ ಬಟ್ಟೆಗಳನ್ನು ಕಾಪಾಡುವ ಕೆಲಸ ಮಾಡುತ್ತಾಳೆ. ಅಪ್ಪ ಕೊನೆಯ ವರ್ಷಗಳಲ್ಲಿ ಅವಳ ಜೊತೆ ಇಲ್ಲೇ ಇದ್ದು ತೀರಿಕೊಂಡವನು.

ಅವನ ಹೆಸರು ಎತಿಯೆನ್. ಮುಂದಿನ ಹೆಸರು ಹೇಳಲು ನನ್ನ ನಾಲಿಗೆ ತಿರುಗುವುದಿಲ್ಲ. ಬರೆದ ಅಕ್ಷರಗಳಲ್ಲಿ ಅರ್ಧವನ್ನು ಉಚ್ಚರಿಸಲೇಬಾರದಂತೆ. ಫ್ರಾನ್ಸಿನಲ್ಲೂ ಅವನನ್ನು ಬಲ್ಲವರು ಕಡಿಮೆ. ಮೊದಲ ಸಿನಿಮಾ ತನ್ನ ಊರಿನ ಉಪ್ಪಿನಗದ್ದೆಗಳ ಬಗ್ಗೆ ಮಾಡಿದ, ಒಳ್ಳೆಯ ಹೆಸರು ಬಂತು. ಎರಡನೆಯದು ನಮ್ಮ ರಂಪಣಿ. ಆಮೇಲೆ ಅವನು ಎಲ್ಲೂ ನೆಲೆ ನಿಲ್ಲಲಿಲ್ಲ. ಹಾಸ್ಯದ ಸಿನಿಮಾ ಮಾಡಿದ, ಕೊಲೆಯ ಸಿನಿಮಾ ಮಾಡಿದ, ಬಟ್ಟೆ ಒಗೆಯುವ ಪುಡಿಯ ಜಾಹೀರಾತು ಮಾಡಿದ, ಟೀವಿಗೆ ಗೊಂಬೆಯಾಟ ಮಾಡಿದ, ಕೊನೆಗೆ ಕತಾರಿನಲ್ಲಿ ಅನಿಲ ತೆಗೆಯುವ ಕಂಪನಿಗಳಿಗಾಗಿ ಪೈಪುಗಳ ಸಿನಿಮಾ ಮಾಡಿದ. "ನನ್ನ ತಂದೆ ಏಳು ಬೇರೆ ಬೇರೆ ಮನುಷ್ಯರ ಬದುಕನ್ನು ಬದುಕಿದರು, ಆರರಲ್ಲಿ ಸೋತರು," ಎಂದು ಕ್ಲೇರ್ ಹೇಳಿದಾಗ ಕೆಲವರು ನಕ್ಕರು. ಅವಳು ನಗಲಿಲ್ಲ.

ಅಂದಿನದು ಹಾಸ್ಯದ ಸಿನಿಮಾ. ಒಬ್ಬ ಬಸ್ ಡ್ರೈವರ್. ಯಾವ ಸ್ಟಾಪಿನಲ್ಲಿ ಅತ್ತೆ ಹತ್ತಿಬಿಡುತ್ತಾಳೋ ಎಂಬ ಹೆದರಿಕೆಯಲ್ಲಿ ಅವನು ಎಲ್ಲೂ ಬಸ್ಸು ನಿಲ್ಲಿಸುವುದಿಲ್ಲ. ಒಳಗಿದ್ದವರು ಇಳಿಯುವಂತಿಲ್ಲ, ಹೊರಗಿದ್ದವರು ಹತ್ತುವಂತಿಲ್ಲ. ಕೊನೆಗೆ ಎಣ್ಣೆ ಮುಗಿದು ಬಸ್ಸು ನಿಲ್ಲುತ್ತದೆ. ಬಾಗಿಲು ತೆರೆಯುತ್ತದೆ. ಬಣ್ಣದ ಸಿನಿಮಾದ ನಡುವೆ ಇದ್ದಕ್ಕಿದ್ದಂತೆ ಕಪ್ಪು ಬಿಳುಪಿನಲ್ಲಿ ಒಂದು ಹೆಂಗಸಿನ ಅಂಗೈ ಬಂದು ಪರದೆಯನ್ನೆಲ್ಲ ಮುಚ್ಚಿತು. ಕತ್ತಲು. ಅತ್ತೆಯ ಏಟು ಬಿತ್ತು ಎಂದು ಹಾಲೆಲ್ಲ ನಕ್ಕಿತು. ಡ್ರೈವರನ ಬವಣೆ ನೋಡಿ ನಾನೂ ನಕ್ಕೆ, ಕಣ್ಣಲ್ಲಿ ನೀರು ಬರುವಷ್ಟು.

ಅದೇ ಕೈ

ಮರುದಿನದಿಂದ ಒಬ್ಬಳೇ ಹೋಗಿಬಂದೆ. ಗೋಲ್ಡ್ ಬೋಗಿಯನ್ನು ದೂರದಿಂದಲೇ ಗುರುತಿಸಲು ಕಲಿತೆ. ಹಾಲಿನ ಹತ್ತಿರದ ಕೆಫೆಟೇರಿಯಾದ ಮಲಯಾಳಿ, ನಾನು ಕೇಳುವ ಮೊದಲೇ ಗಟ್ಟಿ ಕರಕ್ ಚಹಾ ಕೊಡಲು ಕಲಿತ.

ಎರಡನೆಯ ದಿನ ಕೊಲೆಯ ಸಿನಿಮಾ. ಕೊಲೆಗಾರ ಯಾರೆಂದು ತಿಳಿಯಬೇಕು, ಅಷ್ಟರಲ್ಲಿ ಅದೇ ಅಂಗೈ, ಅದೇ ಕತ್ತಲು. ಈ ಸಲ ಜನ ಬೆಚ್ಚಿದರು. ಮೂರನೆಯ ದಿನ ಒಗೆಯುವ ಪುಡಿಯ ಜಾಹೀರಾತುಗಳು. ಹುಡುಗನ ಅಂಗಿಯ ಮೇಲೆ ಕೆಸರು ಹಾರಿಬರುತ್ತದೆ, ನಿಲ್ಲು ಎನ್ನುವ ಹಾಗೆ ಅದೇ ಕೈ. ಗೊಂಬೆಯಾಟದಲ್ಲಿ ದಿನವೂ ಸೂರ್ಯನನ್ನು ಆರಿಸಿ ರಾತ್ರಿ ಮಾಡುವುದು ಅದೇ ಕೈ. ಪೈಪುಗಳ ಸಿನಿಮಾದಲ್ಲಿ ಕೂಡ, ಇಲ್ಲಿಂದ ಮುಂದೆ ಪ್ರವೇಶವಿಲ್ಲ ಎಂದು ಇಂಜಿನಿಯರ್ ಹೇಳಿದ ಕೂಡಲೇ ಅದು ಬಂತು. ಎಲ್ಲ ಕಡೆ ಕೆಲವೇ ಕ್ಷಣ. ಬೆರಳು, ಗಾಜಿನ ಬಳೆ ಕಂಡವೋ ಇಲ್ಲವೋ ಎನ್ನುವಷ್ಟರಲ್ಲಿ ಕತ್ತಲು.

ನನ್ನ ಸಾಲಿನಲ್ಲಿ ಕೂರುತ್ತಿದ್ದ ಇಬ್ಬರು ವಿದ್ಯಾರ್ಥಿಗಳು ಅದು ವಿಧಿ ಎಂದು ಒಬ್ಬ, ಸೆನ್ಸಾರು ಎಂದು ಇನ್ನೊಬ್ಬ ವಾದ ಮಾಡುತ್ತಿದ್ದರು. ನನಗೆ ಬೇಸರ ಬರತೊಡಗಿತ್ತು. ಒಂದೇ ತುಣುಕನ್ನು ಎಷ್ಟು ಸಲ ಅಂಟಿಸುತ್ತಾನೆ ಈ ಮನುಷ್ಯ, ಬೇರೆ ಕೈ ಸಿಗಲಿಲ್ಲವೇ ಎಂದು ಮನೆಗೆ ಬಂದು ಹರೀಶನಿಗೆ ದೂರಿದೆ.

"ಪಾಪ, ದುಡ್ಡಿರ್ಲಿಕ್ಕಿಲ್ಲ ಅಕ್ಕ," ಎಂದ ಅವನು.

ಅಲ್ ರಯ್ಯಾನ್

ಸಿನಿಮಾದ ಊರಿನವಳೇ ಬಂದಿದ್ದಾಳೆ ಎಂದು ಹರೀಶ ಕ್ಲೇರ್‌ಗೆ ಹೇಳಿಬಿಟ್ಟಿದ್ದ. ಕೊನೆಯ ಪ್ರದರ್ಶನದ ಹಿಂದಿನ ದಿನ, ಶುಕ್ರವಾರ, ಅವಳು ನಮ್ಮಿಬ್ಬರನ್ನೂ ಮನೆಗೆ ಕರೆದಳು. ದೋಹಾದ ಪಶ್ಚಿಮಕ್ಕೆ ಅಲ್ ರಯ್ಯಾನಿನಲ್ಲಿ ಒಂದೇ ಬಣ್ಣದ ಮನೆಗಳ ಸಾಲು, ಅದರಲ್ಲಿ ಒಂದು. ಶುಕ್ರವಾರದ ಮಧ್ಯಾಹ್ನ ಅಲ್ಲಿ ಬೀದಿಗೆ ಬೀದಿಯೇ ಮಲಗಿರುತ್ತದೆ. ನಮ್ಮೂರಿನಲ್ಲಿ ಹೀಗೆ ಸದ್ದಿಲ್ಲದಿದ್ದರೆ ಯಾರೋ ಸತ್ತಿದ್ದಾರೆ ಎಂದು ಅರ್ಥ.

ಎತಿಯೆನ್ ಕೂರುತ್ತಿದ್ದ ಬೆತ್ತದ ಕುರ್ಚಿಯನ್ನು ಅವಳು ಕಿಟಕಿಯ ಬಳಿ ಹಾಗೇ ಇಟ್ಟಿದ್ದಳು. ನಾವು ಯಾರೂ ಅದರ ಮೇಲೆ ಕೂರಲಿಲ್ಲ. ಬೆಣ್ಣೆ ಹಚ್ಚಿದ ಬ್ರೆಡ್ಡು, ಖರ್ಜೂರ ತಂದಿಟ್ಟು, ಅಪ್ಪನ ಕತೆ ಹೇಳಿದಳು. ಇಂಗ್ಲಿಷು ಅವಳಿಗೂ ನನಗೂ ಪರರದ್ದೇ ಆದ್ದರಿಂದ ಇಬ್ಬರೂ ನಿಧಾನ ಮಾತಾಡಿದೆವು.

"ಆ ಕೈ ನಿಮ್ಮ ಊರಿನದು," ಎಂದಳು. "ಅಲ್ಲಿ ಕೊನೆಯ ದಿನ ಒಬ್ಬ ಹೆಂಗಸು ಬಂದು ಕ್ಯಾಮೆರಾದ ಮೇಲೆ ಕೈಯಿಟ್ಟು ಏನೋ ಹೇಳಿದಳಂತೆ. ಬೊಂಬಾಯಿಯಿಂದ ಕರೆದುಕೊಂಡು ಹೋಗಿದ್ದ ದುಭಾಷಿಗೆ ಆ ಮಾತು ಅರ್ಥವಾಗಲಿಲ್ಲ. ಬಹಳ ಸಿಟ್ಟಿನಲ್ಲಿದ್ದಾಳೆ, ಶಾಪ ಹಾಕಿರಬೇಕು ಎಂದ. ಅಪ್ಪ ಊರಿಗೆ ಬಂದರು. ಸಿನಿಮಾ ಕೊಂಡವರು ಅಂಗಡಿ ಮುಚ್ಚಿದರು. ಅಮ್ಮ ನಮ್ಮನ್ನು ಬಿಟ್ಟು ಹೋದಳು. ಆಮೇಲೆ ಮುಟ್ಟಿದ್ದು ಯಾವುದೂ ಕೈಗೂಡಲಿಲ್ಲ."

"ಮತ್ತೆ ಅದನ್ನೇ ಯಾಕೆ ಎಲ್ಲ ಸಿನಿಮಾದಲ್ಲಿ ಹಾಕಿದರು?"

"ಶಾಪಕ್ಕೆ ಮನೆಯೊಳಗೆ ಒಂದು ಕುರ್ಚಿ ಕೊಡಬೇಕು, ಹೊರಗೆ ನಿಲ್ಲಿಸಿದರೆ ಅದಕ್ಕೆ ಇನ್ನೂ ಸಿಟ್ಟು ಬರುತ್ತದೆ ಅನ್ನುತ್ತಿದ್ದರು. ಮೊದಲು ತಮಾಷೆಗೆ ಹೇಳುತ್ತಿದ್ದರು. ಕೊನೆಕೊನೆಗೆ ತಮಾಷೆ ಇರಲಿಲ್ಲ. ಈ ಕುರ್ಚಿಯಲ್ಲಿ ಕೂತು, ಅವಳು ಏನು ಹೇಳಿದಳು ಕ್ಲೇರ್, ಏನು ಹೇಳಿದಳು ಎಂದು ಕೇಳುತ್ತಿದ್ದರು. ಅವರ ಹತ್ತಿರ ಇದ್ದದ್ದು ಸದ್ದಿಲ್ಲದ ತುಣುಕು ಮಾತ್ರ, ಧ್ವನಿಯಿರುವ ರೀಲು ಪ್ಯಾರಿಸ್‌ನಲ್ಲಿ ಎಲ್ಲೋ ಧೂಳು ತಿನ್ನುತ್ತಿತ್ತು. ಅದು ಸಿಕ್ಕಿ, ರಿಪೇರಿಯಾಗಿ ಬಂದದ್ದು ಈಗ. ಅವರು ಹೋದ ಮೇಲೆ."

ಹರೀಶ ನನ್ನ ಮುಖ ನೋಡಿದ. ಈ ಊರಿನಲ್ಲಿ ತುಳು ಮಾತಾಡುವವರು ಎಷ್ಟೊಂದು ಜನ ಇದ್ದಾರೆ. ಹೋಟೆಲಿನಲ್ಲಿ, ಆಫೀಸಿನಲ್ಲಿ, ಎತಿಯೆನ್ ಸಿನಿಮಾ ಮಾಡಿದ ಪೈಪಿನ ಕಂಪನಿಗಳಲ್ಲಿ ಕೂಡ ಇದ್ದಿರುತ್ತಾರೆ. ಅವರ ನಡುವೆಯೇ ಅಷ್ಟು ವರ್ಷ ಬಾಳಿದವನು ಆ ಒಂದು ಮಾತಿಗಾಗಿ ಕೊರಗಿ ಸತ್ತನಲ್ಲ ಎಂದು ನನಗೆ ಅವನ ಮೇಲೆ ಮರುಕ ಬಂತು.

"ನಾಳೆ ಕೇಳಿಸಿಕೊಂಡು ಹೇಳುತ್ತೀರಾ?" ಎಂದಳು ಕ್ಲೇರ್. "ಶಾಪವೇ ಆಗಿದ್ದರೂ ಹೇಳಿ."

ಹೇಳುತ್ತೇನೆ ಎಂದೆ. ನನ್ನ ಮನಸ್ಸಿನಲ್ಲಿ ಆಗ ನಮ್ಮೂರಿನ ಒಬ್ಬಿಬ್ಬರು ಬಾಯಿಬಡುಕಿ ಮುದುಕಿಯರ ಮುಖ ಬಂದುಹೋಯಿತು. ಅಮ್ಮನ ನೆನಪೇ ಆಗಲಿಲ್ಲ. ಯಾಕೆ ಆಗಬೇಕು? ನನ್ನ ಅಮ್ಮ ಪಟದ ಆಸೆಗೆ ಬಿದ್ದು ಕ್ಯಾಮೆರಾದ ಎದುರು ಹೋದವಳು. ಚಿಕ್ಕಂದಿನಿಂದ ನನಗೆ ಗೊತ್ತಿದ್ದದ್ದು ಅದೊಂದೇ.

ರಂಪಣಿ

ಕೊನೆಯ ದಿನ ಹರೀಶ, ವನಿತಾ ಇಬ್ಬರೂ ಬಂದರು. ನಾನು ಒಳ್ಳೆಯ ಸೀರೆ ಉಟ್ಟಿದ್ದೆ. ಯಾಕೆ ಎಂದು ಯಾರೂ ಕೇಳಲಿಲ್ಲ.

ದೀಪ ಆರಿತು. ಮೊದಲು ಸದ್ದು ಬಂತು. ವಕ್ರಾದ ನೀರಿನಲ್ಲಿ ನನಗೆ ಸಿಗದೆ ಇದ್ದ ಸದ್ದು, ನಮ್ಮ ಕಡಲಿನ ಅಲೆ. ಆಮೇಲೆ ಆಮೆಬಂಡೆ, ದೋಣಿ, ಹಗ್ಗ. ಎರಡು ಸಾಲು ಗಂಡಸರು ಹಿಂದಕ್ಕೆ ಬಾಗಿ ಹಗ್ಗ ಎಳೆಯುತ್ತಾರೆ, ಒಬ್ಬ ಕೂಗುತ್ತಾನೆ, ಉಳಿದವರು ದನಿಗೂಡಿಸುತ್ತಾರೆ. ಹರೀಶ ಪಿಸುಗುಟ್ಟಿದ.

"ಅಕ್ಕ, ಅದು ಅಪ್ಪ."

ದೊಡ್ಡಪ್ಪನೇ. ಎಳೆಯ ಪ್ರಾಯದ ದೊಡ್ಡಪ್ಪ, ತಲೆಗೆ ಅಡಿಕೆ ಹಾಳೆಯ ಮುಟ್ಟಾಳೆ. ಹರೀಶ ಅಳುತ್ತಿದ್ದ. ನನಗೆ ಅಳಲು ಪುರುಸೊತ್ತಿರಲಿಲ್ಲ, ನಾನು ಹೆಂಗಸರಿಗಾಗಿ ಕಾಯುತ್ತಿದ್ದೆ.

ಬಂದರು. ಬಲೆ ದಡಕ್ಕೆ ಬರುವ ಹೊತ್ತಿಗೆ ಬುಟ್ಟಿ ಹಿಡಿದು ಸಾಲಾಗಿ ಬಂದರು. ಕ್ಯಾಮೆರಾ ಅವರ ಕಡೆ ತಿರುಗಿದ ಕೂಡಲೇ ಒಬ್ಬೊಬ್ಬರಾಗಿ ಮುಖ ಆಚೆ ಮಾಡಿದರು. ಕೆಲವರು ಬುಟ್ಟಿಯನ್ನೇ ಅಡ್ಡ ಹಿಡಿದರು. ನನಗೆ ಕಂಡದ್ದು ಬೆನ್ನುಗಳು, ತುರುಬುಗಳು, ಒದ್ದೆ ಸೀರೆಯ ಅಂಚುಗಳು. ಇವರಲ್ಲಿ ಯಾರು? ನಾನು ಸೀಟಿನ ತುದಿಗೆ ಬಂದು ಕೂತಿದ್ದೆ. ತಿರುಗಿ, ಒಮ್ಮೆ ಈಚೆ ತಿರುಗಿ ಎಂದು ಒಳಗೇ ಬೇಡುತ್ತಿದ್ದೆ.

ಆಗ ಆ ಸಾಲಿನಿಂದ ಒಬ್ಬಳು ಹೊರಗೆ ಬಂದಳು. ಅವಳ ಸೊಂಟದ ಮೇಲೆ ಒಂದು ಮಗುವಿತ್ತು. ಮಗು ಕ್ಯಾಮೆರಾವನ್ನು ನೋಡಿ ಬಾಯಿ ಬಿಟ್ಟು ನಗುತ್ತಿತ್ತು, ಕ್ಯಾಮೆರಾ ಅದರ ಮುಖಕ್ಕೆ ಹತ್ತಿರ ಹತ್ತಿರ ಹೋಗುತ್ತಿತ್ತು. ಅವಳು ಸೆರಗನ್ನು ಎಳೆದು ಮಗುವಿನ ತಲೆ ಮುಖ ಎಲ್ಲ ಮುಚ್ಚಿದಳು. ಮುಚ್ಚುವಾಗ ತಲೆ ಬಗ್ಗಿಸಿ ಮಗುವನ್ನೇ ನೋಡುತ್ತಿದ್ದಳು. ನನಗೆ ಬೈತಲೆ ಕಂಡಿತು, ಒಂದು ಕಿವಿ ಕಂಡಿತು. ಹಾಗೇ ಬಗ್ಗಿಸಿದ ತಲೆಯಲ್ಲೇ ನೇರ ಕ್ಯಾಮೆರಾದ ಎದುರು ನಡೆದುಬಂದಳು. ಬಲಗೈ ಎದ್ದಿತು.

ಆ ಕೈ. ಬಸ್ ಡ್ರೈವರನ ಅತ್ತೆಯ ಕೈ. ಈ ಸಲ ಅದು ಅವಸರವಿಲ್ಲದೆ, ಪೂರ್ತಿಯಾಗಿ ಬಂತು. ಗಾಜಿನ ಬಳೆಗಳು ಮೊಣಕೈ ಕಡೆ ಜಾರಿದವು. ಕಿರುಬೆರಳು ಪಕ್ಕದ ಬೆರಳಿನ ಕಡೆಗೆ ಬಾಗಿತ್ತು. ನನ್ನ ಕಿರುಬೆರಳು ಹಾಗೆಯೇ ಇದೆ. ಎಣ್ಣೆ ಹಚ್ಚುವಾಗ ಅದನ್ನು ನೇರ ಮಾಡಲು ಎಳೆದೆಳೆದು, ಇದೊಂದು ನಿನ್ನಮ್ಮನದ್ದೇ ಬಂತು ನೋಡು ಎನ್ನುತ್ತಿದ್ದಳು ದೊಡ್ಡಮ್ಮ.

ಪರದೆ ಕತ್ತಲಾಯಿತು. ಕತ್ತಲಿನಲ್ಲಿ ಒಂದು ಹೆಣ್ಣು ದನಿ ಕೇಳಿಸಿತು. ತೆಳು ದನಿ, ಸ್ವಲ್ಪ ನಡುಗುತ್ತಿತ್ತು.

"ಬೊಡ್ಚಿ. ಬಾಲೆಗ್ ದೃಷ್ಟಿ ಆಪುಂಡು."

ಬೇಡ. ಮಗುವಿಗೆ ದೃಷ್ಟಿಯಾಗುತ್ತದೆ. ಅಷ್ಟೇ. ಪರದೆಯ ಕೆಳಗೆ ಉದ್ದಕ್ಕೂ ಬರುತ್ತಿದ್ದ ಇಂಗ್ಲಿಷ್ ಅಕ್ಷರಗಳು ಅಲ್ಲಿ ಮಾತ್ರ ಬರಲಿಲ್ಲ. ಆ ಹಾಲಿನಲ್ಲಿ ಆ ಮಾತು ತಿಳಿದದ್ದು ನಮ್ಮ ಮೂವರಿಗೆ. ವನಿತಾ ನನ್ನ ಕೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು.

ಊರಿನ ಹೆಂಗಸರೆಲ್ಲ ಮುಖ ತಿರುಗಿಸಿ ನಿಂತಾಗ ಮಿಷನಿನ ಎದುರು ಹೋದವಳು ಒಬ್ಬಳೇ. ಊರು ಅಷ್ಟನ್ನು ಸರಿಯಾಗಿಯೇ ನೋಡಿತ್ತು. ಹೋದದ್ದು ಯಾಕೆಂದು ಬೆನ್ನು ತಿರುಗಿಸಿದವರಿಗೆ ಕಾಣಲಿಲ್ಲ. ದೊಡ್ಡಮ್ಮನಿಗೂ ಕಾಣಲಿಲ್ಲ. ತಂಗಿಯ ಮೇಲೆ ಆ ಸಿಟ್ಟನ್ನು ಇಟ್ಟುಕೊಂಡೇ ಅವಳು ಹೋದಳು. ಒಂದು ವರ್ಷ ಮೊದಲು ಈ ರೀಲು ಸಿಕ್ಕಿದ್ದರೆ ಅವಳನ್ನು ಪಕ್ಕದಲ್ಲಿ ಕೂರಿಸಿ ಕೇಳಿಸುತ್ತಿದ್ದೆ.

ಸಿನಿಮಾ ಮುಂದೆ ಹೋಯಿತು. ಮೀನು ರಾಶಿ ಬಿತ್ತು, ಪಾಲು ಆಯಿತು, ಸಂಜೆಯಾಯಿತು. ಅವಳು ಮತ್ತೆ ಬರಲಿಲ್ಲ.

ಜನರೆಲ್ಲ ಹೋದ ಮೇಲೆ ಕ್ಲೇರ್ ಬಂದು ನನ್ನ ಎದುರು ನಿಂತಳು. ಕೇಳಲು ಅವಳಿಗೆ ಧೈರ್ಯ ಬರಲಿಲ್ಲ. ನಾನೇ ಹೇಳಿದೆ. ದೃಷ್ಟಿ ಎಂದರೆ ಏನೆಂದು ಬಿಡಿಸಿ ಹೇಳಬೇಕಾಗಲಿಲ್ಲ. ಅಷ್ಟು ವರ್ಷ ಈ ದೇಶದಲ್ಲಿದ್ದವಳಿಗೆ ಅದು ಗೊತ್ತಿತ್ತು.

"ಅಷ್ಟೇನಾ? ಶಾಪ ಅಲ್ಲವಾ?"

"ಅಲ್ಲ. ನಿಮ್ಮ ತಂದೆ ಅವಳ ಲೆಕ್ಕದಲ್ಲೇ ಇರಲಿಲ್ಲ. ಅವಳ ಲೆಕ್ಕದಲ್ಲಿ ಇದ್ದದ್ದು ಆ ಮಗು."

ಮಗು ಯಾರೆಂದು ಹರೀಶ ಹೇಳಿದ. ಕ್ಲೇರ್ ಮುಂದಿನ ಸಾಲಿನ ಕುರ್ಚಿಯಲ್ಲಿ ಕೂತಳು. ನನಗೆ ಅವಳ ಅಪ್ಪನ ಮೇಲೆ ಇದ್ದ ಮರುಕವೆಲ್ಲ ಹೋಗಿ ಸಿಟ್ಟು ಬಂದಿತ್ತು. ಬೇಡ ಎಂದ ಕೈಯನ್ನೇ ಕತ್ತರಿಸಿಕೊಂಡು ಹೋಗಿ ಕೊಲೆಗೆ, ಕೆಸರಿಗೆ, ಗೊಂಬೆಗೆ ಅಂಟಿಸಿದವನು. ಜನರನ್ನು ಅದರ ಮೇಲೆ ನಗಿಸಿದವನು. ನಕ್ಕವರಲ್ಲಿ ನಾನೂ ಒಬ್ಬಳು. ಆದರೆ ಅವನು ಆ ಭಾಗವನ್ನು ರಂಪಣಿಯ ಸಿನಿಮಾದಿಂದ ತೆಗೆದು ಬಿಸಾಡಿದ್ದರೆ ನನ್ನ ಪಾಲಿಗೆ ಅಷ್ಟೂ ಇರುತ್ತಿರಲಿಲ್ಲ. ಅವನಿಗೆ ಬೈಯಲೂ ಆಗದೆ ನಮಸ್ಕಾರ ಹೇಳಲೂ ಆಗದೆ ನಾನು ಕ್ಲೇರ್‌ಳ ಪಕ್ಕ ಕೂತೆ. ಇಬ್ಬರೂ ಅತ್ತೆವು, ಅವಳು ಅವಳ ಅಪ್ಪನಿಗೆ, ನಾನು ನನ್ನ ಅಮ್ಮನಿಗೆ.

"ಇನ್ನೊಮ್ಮೆ ನೋಡುತ್ತೀರಾ?" ಎಂದಳು ಕೊನೆಗೆ.

ಖಾಲಿ ಹಾಲಿನಲ್ಲಿ ನಮಗಾಗಿ ಆ ಭಾಗವನ್ನು ಮತ್ತೆ ಮತ್ತೆ ಹಾಕಿದರು. ಎಷ್ಟು ಸಲ ಹಾಕಿದರೂ ಅವಳು ತಲೆ ಎತ್ತಲಿಲ್ಲ. ಪ್ರತಿ ಸಲವೂ ಸೆರಗಿನೊಳಗಿನ ಮಗುವನ್ನೇ ನೋಡುತ್ತಿದ್ದಳು. ಮಗು ಕೆಳಗಿನಿಂದ ಅವಳನ್ನು ನೋಡುತ್ತಿತ್ತು. ಆ ಮುಖವನ್ನು ಅಷ್ಟು ಹತ್ತಿರದಿಂದ, ಅಷ್ಟು ಹೊತ್ತು ನೋಡಿದವಳು ನಾನೊಬ್ಬಳೇ. ನನಗೆ ನೆನಪಿಲ್ಲ.

ವಿಮಾನ ನಿಲ್ದಾಣಕ್ಕೆ

ಹೊರಡುವ ದಿನ ಬೆಳಿಗ್ಗೆ ದಡಕ್ಕೆ ಹೋದೆ. ಬಲೆ ಹೆಣೆಯುವವನು ಗುರುತು ಹಿಡಿದು ಸಲಾಂ ಹೇಳಿದ. ನೀರು ಅಂದಿನ ಹಾಗೆಯೇ ಸುಮ್ಮನಿತ್ತು.

ವಕ್ರಾದಿಂದ ಹೊರಟು ಥುಮಾಮಾದ ಬದಿಯ ರಸ್ತೆಯಲ್ಲಿ ಹರೀಶ ಕಾರನ್ನು ನಿಧಾನ ಓಡಿಸಿದ. ಯಾವಾಗಲೂ ಮುಂದಿನ ಕಾರಿಗೆ ಯಲ್ಲಾ ಯಲ್ಲಾ ಎಂದು ಅವಸರ ಮಾಡುವವನು ಅಂದು ಎಲ್ಲರಿಗೂ ದಾರಿ ಬಿಟ್ಟ. ನಿಲ್ದಾಣ ಹತ್ತಿರವಾದಾಗ ಕೇಳಿದ.

"ಅಕ್ಕ, ಮುಖ ನೋಡ್ಲಿಕ್ಕೆ ಅಂತ ಬಂದದ್ದು. ಸಿಗ್ಲಿಲ್ಲ ಅಲ್ವಾ?"

"ಇಲ್ಲ ಮಗಾ, ಸಿಗ್ಲಿಲ್ಲ."

"ಬೇಜಾರುಂಟಾ?"

"ಉಂಟು."

ಅದನ್ನು ಮುಚ್ಚಿಟ್ಟು ಏನು ಪ್ರಯೋಜನ? ಬೇಜಾರು ಬರುವಾಗ ಇದ್ದದ್ದಕ್ಕಿಂತ ಹೆಚ್ಚೇ ಇತ್ತು. ಬರುವಾಗ ನನಗೆ ಕಾಣಬೇಕಾಗಿದ್ದದ್ದು ಒಂದು ಮುಖ ಮಾತ್ರ. ಈಗ ಆ ದನಿ, ಆ ಬಳೆ, ಆ ಬಗ್ಗಿದ ತಲೆ ಎಲ್ಲವೂ ಇದ್ದವು. ಇಷ್ಟೆಲ್ಲ ಇದ್ದವಳನ್ನು ಕಳೆದುಕೊಂಡೆ ಎಂದು ತಿಳಿದದ್ದು ಈಗ.

ಒಳಗೆ ಹೋಗುವ ಬಾಗಿಲಿನ ಹತ್ತಿರ ವನಿತಾ ಕಣ್ಣು ಒರೆಸಿಕೊಂಡು, ಅಭ್ಯಾಸಬಲದಿಂದ ಫೋನ್ ಎತ್ತಿದಳು. ನನ್ನ ಬಲಗೈಯೂ ಎದ್ದಿತು. ಇಬ್ಬರೂ ಹಾಗೇ ನಿಂತೆವು. ಅವಳು ಈ ಸಲ ತಮಾಷೆ ಮಾಡಲಿಲ್ಲ, ಫೋನನ್ನು ಕೆಳಗಿಳಿಸಲು ಹೊರಟಳು.

ನನ್ನ ಕಣ್ಣೆದುರು ನನ್ನದೇ ಕೈ ಇತ್ತು. ಬಾಗಿದ ಕಿರುಬೆರಳು. ಅಮ್ಮ ಕೈ ಎತ್ತಿದ್ದು ಮಗು ಉಳಿಯಲಿ ಎಂದು. ಮಗು ಉಳಿದಿದೆ, ತಲೆ ನರೆತಿದೆ. ಇನ್ನು ಅವಳು ಕೈ ಎತ್ತಿ ನಿಲ್ಲಬೇಕಾಗಿಲ್ಲ.

ಇಳಿಸಿದೆ.

"ಈಗ ತೆಗಿ," ಎಂದೆ.